ನೀರು ಹಾಕುವ ಕೈಗೆ ಕಜ್ಜಿ

ಕೂಸನ್ನು ಕಾಲ ಮೇಲೆ ಬೋರಲು ಮಲಗಿಸಿಕೊಂಡು ದೇವಿರಮ್ಮ ಅದರ ಬೆನ್ನಿಗೆ ಹರಳೆಣ್ಣೆ ತಿಕ್ಕುತ್ತಿದ್ದರು. ಬಚ್ಚಲ ಬಾಗಿಲಲ್ಲಿ ಕೂತಿದ್ದ ಬಾಣಂತಿ ನಾಗಶ್ರೀ ಅಷ್ಟು ಹೊತ್ತು ಕೂಸನ್ನೇ ನೋಡುತ್ತಿದ್ದವಳು ಈಗ ಅವರ ಕೈ ನೋಡಿದಳು.

“ಅಜ್ಜಿ, ನಿಮ್ ಬೆರಳ ಸಂದೀಲಿ ಏನದು?”

“ಸೋಪಿನ ಪುಡಿ ಒಗ್ಗಿಲ್ಲ ಕಣಮ್ಮ. ವಸಿ ಒಡ್ಕಂಡದೆ.”

“ಒಡ್ದಿರೋ ಅಂಗಿಲ್ವಲ್ಲ. ಗುಳ್ಳೆ ಅವೆ.”

ದೇವಿರಮ್ಮ ಬೇಗ ಬೇಗ ನೀರು ಹಾಕಿ ಮುಗಿಸಿದರು. ಪಂಚೆಯ ಬಟ್ಟೆಯಲ್ಲಿ ಕೂಸನ್ನು ಸುತ್ತಿ, “ನೀನೇ ಎತ್ಕೋ” ಎಂದರು. ಸಾಂಬ್ರಾಣಿ ಹೊಗೆಯನ್ನೂ ನಾಗಶ್ರೀಯ ತಾಯಿಯ ಕೈಯಲ್ಲೇ ಹಾಕಿಸಿದರು. ಹೊರಡುವಾಗ ಜಗುಲಿಯ ಕೆಳಗೆ ನಿಂತು ಹೇಳಿದರು: “ನಾಳಿಂದ ನಾನ್ ಬರಾಕಿಲ್ಲ. ಕೈ ವಾಸಿ ಆದ್ಮೇಲೆ ಬತ್ತೀನಿ.”

ಅವರಿಗೆ ಅರವತ್ತೆರಡು ವರ್ಷ. ಬೆಳಕವಾಡಿಯಲ್ಲೂ ಸುತ್ತಲ ಊರುಗಳಲ್ಲೂ ಮೂವತ್ತು ವರ್ಷದಿಂದ ಎಳೆಗೂಸುಗಳಿಗೆ ನೀರು ಹಾಕಿದವರು. ಅತ್ತೆಯಿಂದ ಕಲಿತ ಕೆಲಸ. ಕಾಲು ಚಾಚಿ ಮಣೆಯ ಮೇಲೆ ಕೂತರೆ ಎಂಥ ಅಳುವ ಕೂಸೂ ಅವರ ಕಣಕಾಲಿನ ಮೇಲೆ ಹದಕ್ಕೆ ಬರುತ್ತಿತ್ತು. ಇವತ್ತು ಕಾಲೇಜಿಗೆ ಹೋಗುವ ಹುಡುಗಿಯರನ್ನು ಬಸ್ ಸ್ಟ್ಯಾಂಡಿನಲ್ಲಿ ಕಂಡರೆ, “ಇವಳ್ ಮೂಗ ತಿದ್ದಿದ್ದು ನಾನೇ ಕಣ್ರೀ” ಎಂದು ಪಕ್ಕದವರಿಗೆ ತೋರಿಸುತ್ತಿದ್ದರು. ಹುಡುಗಿಯರು ನಾಚಿಕೊಂಡು ಮೂಗು ಮುಟ್ಟಿಕೊಳ್ಳುತ್ತಿದ್ದರು.

ಕಂಡವರ ಕೂಸುಗಳಿಗೆಲ್ಲ ನೀರು ಹಾಕಿದ ದೇವಿರಮ್ಮನಿಗೆ ತಮ್ಮ ಮಗಳ ಕೂಸಿಗೆ ನೀರು ಹಾಕುವುದೊಂದು ಬಾಕಿಯಿತ್ತು. ಮಗಳು ಅರ್ಪಿತಳನ್ನು ದುದ್ದಕ್ಕೆ ಕೊಟ್ಟು ಎಂಟು ವರ್ಷವಾಗಿತ್ತು. ಎರಡು ಸಲ ಬಸಿರು ನಿಂತು ಎರಡು ಸಲವೂ ಹೋಗಿತ್ತು. ಈ ಸಲ ಏಳನೇ ತಿಂಗಳಿಗೆ ಬಿದ್ದಿದ್ದಳು. ಎಂಟರಲ್ಲಿ ಹೆಣ್ಣನ್ನು ಕದಲಿಸುವುದಿಲ್ಲ, ಒಂಬತ್ತು ಹತ್ತಿದ ಕೂಡಲೇ ತವರಿಗೆ ಕರೆತರುವುದೆಂದು ಎರಡೂ ಮನೆಯವರು ಮಾತಾಡಿಕೊಂಡಿದ್ದರು. ಡಿಸೆಂಬರ್ ಮೊದಲ ವಾರ ಅದು. ಫೆಬ್ರವರಿ ಹುಟ್ಟುವ ಹೊತ್ತಿಗೆ ಮಗಳು ಬರಬೇಕು, ಅಷ್ಟರೊಳಗೆ ಕೈ ನೆಟ್ಟಗಾಗಬೇಕು.

ಮೂರು ವಾರ ಬೇವಿನ ಸೊಪ್ಪು ಅರೆದು ಅರಿಶಿನ ಕಲಸಿ ಮೆತ್ತಿಕೊಂಡರು. ಹಗಲು ಹೇಗೋ ಕಳೆಯುತ್ತಿತ್ತು. ಮೈ ಬೆಚ್ಚಗಾಗಿ ಮಲಗಿದರೆ ಸಾಕು, ಬೆರಳ ಸಂದು, ಮಣಿಕಟ್ಟು, ಸೀರೆಯ ನೆರಿಗೆ ಸಿಕ್ಕಿಸುವ ಸೊಂಟ, ಎಲ್ಲಾ ಕಡೆ ನವೆ ಏಳುತ್ತಿತ್ತು. ಹಾಲಿನ ಡೈರಿಯಲ್ಲಿ ಕ್ಯಾನು ಮುಂದಿಟ್ಟರೆ ಪಕ್ಕದ ಹೆಂಗಸು ತನ್ನದನ್ನು ಒಂದು ಮಾರು ಆಚೆ ಎಳೆದುಕೊಂಡಳು.

“ಏನ್ ದೇವಿರಕ್ಕ, ಮದರಂಗಿ ಆಕಿಸ್ಕಂಡಂಗೆ ಅವೆ ಕೈ. ಯಾರ್ ಮದ್ವೆ?”

“ನಿಂದೇ ಕಣೇ. ಗಂಡು ನೋಡಿವ್ನಿ” ಎಂದು ದೇವಿರಮ್ಮ ಹಾಲು ಅಳೆಯಿಸಿಕೊಂಡು ಬಂದರು. ಮನೆಗೆ ಬಂದು ಕ್ಯಾನನ್ನು ಕೆಳಗಿಟ್ಟಾಗ ಸೊಸೆ ನಾಗಮಣಿ ಬಾಗಿಲಿಗೆ ಒರಗಿ ಬೆನ್ನು ಉಜ್ಜುತ್ತಿದ್ದುದು ಕಂಡಿತು. ಅವಳು ಮದ್ದೂರಿನ ಕಡೆಯ ಗಾರ್ಮೆಂಟ್ಸಿಗೆ ಹೋಗುವವಳು.

“ನಿಂಗೂವಾ?”

“ಒಂದ್ ವಾರಾಯ್ತು ಅತ್ತೆ. ನಿಮ್ ಮಗಂಗೂ ಅದೆ. ಲೈನಲ್ಲಿ ಕೂತು ಕೆರ್ಕಂಡ್ರೆ ಸೂಪರ್‌ವೈಸರು ನನ್ನೇ ನೋಡ್ತಾನೆ. ಬೇವು ಗೀವು ಸಾಕು, ನಡೀರಿ ಡಾಕ್ಟ್ರತ್ರ.”

ಮಳವಳ್ಳಿಯಲ್ಲಿ ಚರ್ಮದ ಡಾಕ್ಟರು ಗಗನ ಎಂಬ ಹೆಣ್ಣುಮಗಳು. ಬೆರಳ ಸಂದಿಗೆ ಲೈಟು ಬಿಟ್ಟು, ಭೂತಗನ್ನಡಿ ಹಿಡಿದು, ಸಣ್ಣ ಗೀಟೊಂದನ್ನು ನಾಗಮಣಿಗೆ ತೋರಿಸಿದರು.

“ಇದು ಕಜ್ಜಿ ಹುಳ ಕೊರೆದಿರೋ ದಾರಿ. ಕಣ್ಣಿಗೆ ಕಾಣೋದೇ ಇಲ್ಲ ಅಷ್ಟು ಸಣ್ಣದು. ಕೊಳಕಿಂದ ಬರೋದಲ್ಲಮ್ಮ, ಒಬ್ಬರ ಮೈ ಒಬ್ಬರಿಗೆ ತುಂಬಾ ಹೊತ್ತು ತಾಗಿದ್ರೆ ಬರುತ್ತೆ. ಒಂದೂವರೆ ತಿಂಗಳಿಂದೀಚೆಗೆ ನಿಮ್ಮ ಜೊತೆ ಯಾರು ಮಲಗಿದ್ರು?”

ದೀಪಾವಳಿ ರಜೆಗೆ ಮೊಮ್ಮಗಳು, ನಾಗಮಣಿಯ ಮಗಳು ದೀಪಿಕ ಹಾಸ್ಟೆಲಿನಿಂದ ಬಂದಿದ್ದಳು. ಹತ್ತು ದಿನವೂ ಅಜ್ಜಿಯ ಕಂಬಳಿಯೊಳಗೇ ಮಲಗಿದ್ದಳು, ಕೆರೆದುಕೊಳ್ಳುತ್ತಲೇ ಮಲಗಿದ್ದಳು. ಅರ್ಪಿತ ಆಗ ಬಂದಿರಲಿಲ್ಲ. ಅದನ್ನು ಡಾಕ್ಟರು ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡರು.

ಮುಲಾಮಿನ ಟ್ಯೂಬು ಒಬ್ಬೊಬ್ಬರಿಗೆ ಒಂದೊಂದು. ಕತ್ತಿನಿಂದ ಅಂಗಾಲಿನವರೆಗೆ, ಬೆರಳ ಸಂದು, ಉಗುರಿನ ಕೆಳಗೆ, ಹೊಕ್ಕುಳು, ಒಂದೂ ಬಿಡದ ಹಾಗೆ ಸಂಜೆ ಹಚ್ಚಿ ಬೆಳಿಗ್ಗೆ ಸ್ನಾನ. ಏಳು ದಿನ ಬಿಟ್ಟು ಇನ್ನೊಂದು ಸಲ. ನವೆ ಇಲ್ಲದವರೂ ಸೇರಿ ಮನೆಯವರೆಲ್ಲ ಒಂದೇ ಸಂಜೆ ಹಚ್ಚಬೇಕು, ಹಾಸ್ಟೆಲಿನ ಹುಡುಗಿಯೂ. ಉಟ್ಟ ಬಟ್ಟೆ, ಹಾಸಿಗೆ ಬಟ್ಟೆ ಬಿಸಿನೀರಿನಲ್ಲಿ ಒಗೆದು ಬಿಸಿಲಿಗೆ. ಒಗೆಯಲಾಗದ ಕಂಬಳಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿದು ಒಂದು ವಾರ ಮುಟ್ಟಬಾರದು.

“ಎಷ್ಟ್ ದಿನಕ್ ವಾಸಿ ಆದದು ಡಾಕ್ಟ್ರಮ್ಮ?”

“ಸರಿಯಾಗಿ ಹಚ್ಚಿದ್ರೆ ಹುಳ ಬೇಗ ಸಾಯುತ್ತೆ. ನವೆ ಮಾತ್ರ ಎರಡು ವಾರ, ಕೆಲವರಿಗೆ ನಾಲ್ಕು ವಾರ ಇರುತ್ತೆ. ಮತ್ತೆ, ನೀವು ನೀರು ಹಾಕ್ತಿದ್ದ ಆ ಮಗೂನ ತೋರಿಸೋಕೆ ಹೇಳಿ. ಎಳೆಗೂಸಿಗೆ ನೀವೇ ಏನೂ ಹಚ್ಚೋಕೆ ಹೋಗ್ಬೇಡಿ.”

ಮಳವಳ್ಳಿಯಿಂದ ಬಂದ ಬಸ್ಸಿಳಿದು ದೇವಿರಮ್ಮ ನೇರ ನಾಗಶ್ರೀಯ ಮನೆಗೆ ಹೋದರು. ಒಳಗೆ ಹೋಗಲಿಲ್ಲ. ಬೀದಿಯಲ್ಲೇ ನಿಂತು, ನನಗಿರುವುದು ಕಜ್ಜಿ, ಕೂಸನ್ನು ತೋರಿಸಿ ಎಂದರು. ನಾಗಶ್ರೀಯ ತಾಯಿ ಬೀದಿಗೆ ಕೇಳುವಂತೆ ಬೈದಳು. ಬೈಸಿಕೊಂಡು ಬಂದರು. ಕೂಸಿಗೆ ಏನೂ ಆಗಿಲ್ಲವೆಂದು ಆರು ದಿನದ ಮೇಲೆ ಬೇರೆ ಯಾರೋ ಹೇಳಿದರು. ಆ ಆರು ದಿನ ಅವರು ಮುತ್ತತ್ತಿರಾಯನ ಪಟದ ಮುಂದೆ ಕೂತಾಗ ತಮ್ಮ ಮಗಳ ಹೆಸರನ್ನು ಎತ್ತಲೇ ಇಲ್ಲ, ಆ ಕೂಸಿಗೆ ಏನೂ ಆಗದಿರಲಿ ಎಂದಷ್ಟೇ ಕೇಳಿಕೊಂಡರು.

ಹಾಸ್ಟೆಲಿನವರಿಗೂ ಹೇಳಿ ದೀಪಿಕಳನ್ನು ಕರೆತಂದರು. ಹೇಳಿದ ಪ್ರಕಾರವೇ ಎಲ್ಲ ನಡೆಯಿತು. ಎರಡು ಶನಿವಾರ, ಸಂಜೆ ಐದಕ್ಕೆ ಬಚ್ಚಲಲ್ಲಿ ನಿಂತು ದೇವಿರಮ್ಮ ಮುಲಾಮು ಹಚ್ಚಿಕೊಂಡರು. ಬೆನ್ನಿಗೆ ದೀಪಿಕ ಹಚ್ಚಿದಳು. ಮಗ ಚಲುವರಾಜು ಹೊಲದಿಂದ ಬಂದವನು ಗೊಣಗುತ್ತ ಹಚ್ಚಿಕೊಂಡ. ನಾಗಮಣಿ ಗಾರ್ಮೆಂಟ್ಸ್ ಬಸ್ಸಿಳಿದು, ಊಟ ಮುಗಿಸಿ, ಮಲಗುವ ಮುಂಚೆ ಹಚ್ಚಿಕೊಂಡಳು. ಹಂಡೆ ಹಂಡೆ ನೀರು ಕಾಯಿತು. ಹಿತ್ತಲ ತಂತಿಯ ಮೇಲೆ ಮನೆಯ ಬಟ್ಟೆಯೆಲ್ಲ ನೇತಾಡಿತು.

ನಾಗಮಣಿಯ ನವೆ ದಿನದಿನಕ್ಕೆ ಇಳಿಯಿತು. ದೇವಿರಮ್ಮನ ಹೊಟ್ಟೆ, ಸೊಂಟವೂ ಇಳಿದವು. ಆದರೆ ಸಂಕ್ರಾಂತಿಗೆ ನಾಲ್ಕು ದಿನವಿದ್ದಾಗ ಎಳ್ಳು ಹುರಿಯಲು ಕೂತವರು ತಮ್ಮ ಬೆರಳ ಸಂದಿಯಲ್ಲಿ ಹೊಸ ಗುಳ್ಳೆಗಳನ್ನು ಕಂಡರು. ಐದು. ಚಲುವರಾಜನ ಬಲಗೈಯಲ್ಲೂ ಮೂರು, ದೀಪಿಕಳ ಬಲಗೈಯಲ್ಲೂ ಎರಡು. ಬಾಣಲೆಯನ್ನು ಇಳಿಸಿ ಒಲೆಯ ಮುಂದೆ ಹಾಗೇ ಕೂತರು. ಮಗಳು ಬರಲು ಇನ್ನು ಮೂರು ವಾರವಿತ್ತು.

ಮರುದಿನ ಡಾಕ್ಟರು ಗುಳ್ಳೆ ನೋಡಿದರು. ಬೈಯಲಿಲ್ಲ. ಪೆನ್ನು ಹಿಡಿದು, “ಸಂಜೆ ಹಚ್ಚಿದಾಗಿಂದ ಬೆಳಿಗ್ಗೆವರೆಗೂ ಏನೇನು ಮಾಡಿದ್ರಿ, ಒಂದೂ ಬಿಡದೆ ಹೇಳಿ” ಎಂದರು.

“ಏನ್ ಮಾಡಾನ? ಐದ್ ಗಂಟ್ಗೆ ಅಚ್ಕಂಡೆ. ವಸಿ ಒಣಗಿಸ್ಕಂಡೆ. ಆರೂವರ್ಗೆ ದೀಪ ಅಚ್ಚಿದೆ.”

“ಹಾಗೇ ಹೋಗಿ ಹಚ್ಚಿದ್ರಾ?”

“ಅಂಗೇ ಎಂಗ್ ಅಚ್ಚಾದದು ಕಣಮ್ಮ? ಔಸ್ದಿ ಕೈಲಿ ದ್ಯಾವ್ರ ದೀಪ ಮುಟ್ಟಾದದಾ? ಕೈಕಾಲ್ ತೊಳ್ಕಂಡು ಅಚ್ಚಿದೆ.”

ಡಾಕ್ಟರ ಪೆನ್ನು ನಿಂತಿತು. “ಸೋಪು ಹಾಕಿನಾ?”

“ಸೋಪಾಕಿ. ಜಿಡ್ಡು ಓಗ್ಬೇಕಲ್ಲ.”

“ಆಮೇಲೆ?”

“ಆಮೇಲೆ ಮುದ್ದೆ ಕಟ್ಟಿದೆ. ಕೈ ತೇವ ಮಾಡ್ಕಂಡೇ ಕಟ್ಟದು. ಉಂಡು ಕೈ ತೊಳ್ದೊ. ಪಾತ್ರೆ ಬೆಳಗ್ದೆ.” ಹೇಳುತ್ತ ಹೇಳುತ್ತ ದೇವಿರಮ್ಮನ ದನಿ ಸಣ್ಣಗಾಯಿತು. ಪಕ್ಕದಲ್ಲಿ ಕೂತಿದ್ದ ನಾಗಮಣಿ ಕೈಯಿಂದ ಬಾಯಿ ಮುಚ್ಚಿಕೊಂಡಳು. ಅವಳೊಬ್ಬಳೇ ಉಂಡು, ಕೈ ತೊಳೆದು, ಆಮೇಲೆ ಹಚ್ಚಿದ್ದವಳು.

“ಹುಳಕ್ಕೆ ಎಲ್ಲಕ್ಕಿಂತ ಇಷ್ಟದ ಜಾಗ ಬೆರಳ ಸಂದು. ನೀವು ಅಲ್ಲಿಗೆ ಹಚ್ಚಿದ ಔಷಧೀನೆಲ್ಲ ಬಚ್ಚಲಿಗೆ ಬಿಟ್ಟಿದೀರ” ಎಂದರು ಡಾಕ್ಟರು. ಮೆಲ್ಲಗೆ ಸೇರಿಸಿದರು: “ನಾನೇ ಕೇಳಬೇಕಿತ್ತು. ಬಿಡಿ. ಈ ಸಲ ಮೊದಲು ದೀಪ ಹಚ್ಚಿ, ಊಟ ಮಾಡಿ, ಪಾತ್ರೆ ಬೆಳಗಿ. ಎಲ್ಲಾ ಮುಗಿದ ಮೇಲೆ ಮುಲಾಮು. ನಡುವೆ ಏನಾದ್ರೂ ಕೈ ತೊಳೆದ್ರೆ ಕೈಗೆ ಮತ್ತೆ ಹಚ್ಚಿ.”

“ಲೆಕ್ಕ ಮೊದ್ಲಿಂದಾನಾ?”

“ಮೊದಲಿಂದ.”

ಆ ಸಂಕ್ರಾಂತಿಗೆ ದೇವಿರಮ್ಮ ಎಳ್ಳು ಬೀರಲಿಲ್ಲ. ಆ ಭಾನುವಾರ ಒಂದು ಸಲ, ಮುಂದಿನ ಭಾನುವಾರ ಇನ್ನೊಂದು ಸಲ, ಮನೆಯ ನಾಲ್ಕೂ ಜನ ಮುಸುರೆ ಕೆಲಸ ಮುಗಿದ ಮೇಲೆ ಮುಲಾಮು ಹಚ್ಚಿಕೊಂಡರು. ಬಾಯಾರಿದರೆ ಚೊಂಬನ್ನು ಮಣಿಕಟ್ಟಿನಲ್ಲಿ ಒತ್ತಿ ಹಿಡಿದು ಕುಡಿಯುವ ಅಜ್ಜಿಯನ್ನು ಕಂಡು ದೀಪಿಕ ನಕ್ಕಳು. ದೇವಿರಮ್ಮ ನಗಲಿಲ್ಲ.

ಅಲ್ಲಿಂದ ಕಾಯುವ ಕೆಲಸ ಶುರುವಾಯಿತು. ಹುಳ ಸತ್ತಿದೆಯೋ ಇಲ್ಲವೋ ತಿಳಿಯುವ ದಾರಿಯೇ ಇರಲಿಲ್ಲ. ಸತ್ತ ಮೇಲೂ ನವೆ ಇರುತ್ತದೆ ಎಂದಿದ್ದಾರೆ, ಸಾಯದಿದ್ದರೂ ನವೆಯೇ. ಬೆಳಿಗ್ಗೆ ಕಡಿಮೆಯಾಯಿತೆಂದು ಕಂಡದ್ದು ಸಂಜೆಗೆ ಹೆಚ್ಚೆನಿಸುತ್ತಿತ್ತು. ಮುದ್ದೆ ತಿರುವುವಾಗ ಮಣಿಕಟ್ಟು ಕಡಿದರೆ ಕೋಲನ್ನು ಇನ್ನೂ ಬಿಗಿಯಾಗಿ ಹಿಡಿಯುತ್ತಿದ್ದರು. ಎರಡನೇ ಸಲ ಹಚ್ಚಿ ಎಂಟು ದಿನವಾದರೂ ನವೆ ನಿಲ್ಲಲಿಲ್ಲ. ಒಂಬತ್ತನೇ ದಿನ ಮಗ, ಸೊಸೆ ಹೊರಗೆ ಹೋಗಿದ್ದಾಗ ಟ್ಯೂಬುಗಳ ತಳದಲ್ಲಿ ಉಳಿದದ್ದನ್ನೆಲ್ಲ ಹಿಂಡಿ ಕೈಗೆ ಮೆತ್ತಿಕೊಂಡರು. ಹತ್ತನೇ ದಿನವೂ ಅಷ್ಟೇ. ಹನ್ನೊಂದನೇ ದಿನ ಮೆಡಿಕಲ್ ಸ್ಟೋರಿನಿಂದ ಚೀಟಿ ತೋರಿಸಿ ಇನ್ನೊಂದು ಟ್ಯೂಬು ತಂದರು. ಕೈ ಕೆಂಪಗೆ ಕಾದು, ಚರ್ಮ ಸುಲಿಯತೊಡಗಿತು. ಅನ್ನಕ್ಕೆ ಕೈ ಹಾಕಿದರೆ ಉರಿ.

ತಟ್ಟೆಯ ಮುಂದೆ ಕೂತವರು ಉಣ್ಣದಿರುವುದನ್ನು ನಾಗಮಣಿ ನೋಡಿದಳು. ಕೈ ಹಿಡಿದು ತಿರುಗಿಸಿದಳು.

“ಎಷ್ಟ್ ಸಲ ಅಚ್ಚುದ್ರಿ ಅತ್ತೆ?”

ದೇವಿರಮ್ಮ ಕೈ ಬಿಡಿಸಿಕೊಳ್ಳಲು ನೋಡಿದರು.

“ಕೇಳ್ತಾ ಇವ್ನಿ. ಎಷ್ಟ್ ಸಲ?”

“ಮೂರ್ ಸಲ ಕಣೆ. ಇನ್ನೂ ಕಡೀತದಲ್ಲ. ಅವ್ಳು ಬರೋ ದಿನ ಬಂದೋಯ್ತು. ನಾನ್ ಏನ್ ಮಾಡ್ಲಿ ಏಳು.”

ನಾಗಮಣಿ ಕಲಸಿದ ತುತ್ತನ್ನು ತಾನೇ ಅತ್ತೆಯ ಬಾಯಿಗೆ ಇಟ್ಟಳು. ಮರುದಿನ ಕೆಲಸಕ್ಕೆ ರಜೆ ಹಾಕಿ ಮಳವಳ್ಳಿಗೆ ಕರೆದೊಯ್ದಳು.

ಡಾಕ್ಟರು ಆ ದಿನ ಸಿಟ್ಟಾದರು. “ಮುಲಾಮು ಜಾಸ್ತಿ ಆದ್ರೂ ನವೇನೇ ಅಜ್ಜಿ. ಹುಳ ಸತ್ತಿರೋ ಹಾಗಿದೆ, ಅದರ ಹೆಣ ಚರ್ಮದೊಳಗೆ ಇನ್ನೂ ಇದೆ. ಚರ್ಮ ಅದನ್ನು ಹೊರಗೆ ಹಾಕೋ ತನಕ ಕಡೀತಾನೇ ಇರುತ್ತೆ. ಇವತ್ತಿಂದ ಕೊಬ್ಬರಿ ಎಣ್ಣೆ ಬಿಟ್ಟು ಇನ್ನೇನೂ ಕೈಗೆ ಸೋಕಿಸಬೇಡಿ.” ನವೆಗೆ ಮಾತ್ರೆ ಬರೆದರು. ಆಮೇಲೆ ಕೈಯ ಒಂದೊಂದು ಹಳೆಯ ಗುಳ್ಳೆಯ ಸುತ್ತಲೂ ಬಾಲ್‌ಪೆನ್ನಿನಲ್ಲಿ ಗುಂಡಗೆ ಗೀಟು ಎಳೆದರು. “ಅಳಿಸಿದ್ರೆ ಮತ್ತೆ ಎಳೀಮ್ಮ” ಎಂದು ನಾಗಮಣಿಗೆ ಹೇಳಿದರು. “ಗೀಟಿನ ಹೊರಗೆ ಹೊಸದು ಎದ್ರೆ ಮಾತ್ರ ಹೆದರಿ. ನವೆಗೆ ಹೆದರಬೇಡಿ. ನಾಲ್ಕು ವಾರ ಆಗಲಿ, ನೋಡೋಣ.”

ದುದ್ದದಿಂದ ಫೋನು ಬಂದದ್ದು ಅದಾದ ಎರಡನೇ ದಿನ. ಅರ್ಪಿತಳ ಅತ್ತೆ ಶಶಿರೇಖಾ. ಗಟ್ಟಿ ಹೆಂಗಸು, ಮಾತು ನೇರ. ಕಜ್ಜಿಯ ಸುದ್ದಿ ಅವರಿಗೆ ಮೊದಲೇ ಗೊತ್ತಿತ್ತು.

“ಅಕ್ಕ, ಗುರುವಾರ ಅರ್ಪಿತುನ್ನ ಕಳಿಸ್ಬೇಕು ಅಂತ ಅಳ್ಳಿಯೋರ್ನೆಲ್ಲ ಕೇಳಿ ದಿನ ನೋಡಿವ್ನಿ. ಒಂದೇ ಮಾತ್ ಏಳಿ. ನವೆ ನಿಂತದಾ?”

ಚಲುವರಾಜು ಎದುರಿಗೆ ಕೂತು ತಲೆಯಾಡಿಸಿ, ನಿಂತಿದೆ ಎನ್ನು ಎಂದು ಸನ್ನೆ ಮಾಡಿದ. ಹಾಗೆ ಅಂದರೂ ಪೂರ್ತಿ ಸುಳ್ಳಲ್ಲ. ಗೀಟಿನ ಹೊರಗೆ ಹೊಸದು ಒಂದೂ ಎದ್ದಿರಲಿಲ್ಲ. ಸ್ಪೀಕರಿಗೆ ಹಾಕಿದ್ದ ಫೋನಿನ ಆಚೆ ಬದಿಯಲ್ಲಿ ಅರ್ಪಿತ ನಿಂತಿದ್ದಾಳೆಂದು ದೇವಿರಮ್ಮನಿಗೆ ತಿಳಿಯುತ್ತಿತ್ತು. ಅವಳ ಬಳೆಯ ಸದ್ದು ಅವರಿಗೆ ಗೊತ್ತು.

“ನಿಂತಿಲ್ಲ ಕಣಮ್ಮ” ಎಂದರು ದೇವಿರಮ್ಮ. “ಹುಳ ಸತ್ತದೆ ಅಂತಾರೆ ಡಾಕ್ಟ್ರಮ್ಮ. ಕಾಲ್ ಭಾಗ ನವೆ ಅದೆ ಇನ್ನೂವಾ. ನಾಕ್ ವಾರ ತುಂಬಾಕೆ ಹದಿಮೂರ್ ದಿನ ಅದೆ.”



“ಅಂಗಾದ್ರೆ ಅವ್ಳು ಇಲ್ಲೇ ಇರ್ಲಿ. ಎಂಟು ವರ್ಸಕ್ಕೆ ಆಗಿರೋದು. ನೀವ್ ಬೇಜಾರ್ ಮಾಡ್ಕಬಾರ್ದು.”

“ಇಲ್ಲ ಬುಡಿ.”

ಫೋನು ಇಟ್ಟ ಮೇಲೆ ಚಲುವರಾಜು ಹರಿಹಾಯ್ದ. “ಬಾಯ್ ಬಿಟ್ಟು ಒಂದ್ ಮಾತ್ ಅಂದಿದ್ರೆ ಆಗೋಗದು. ಮಗಳ್ ಬಾಣಂತನ ಬಿಟ್ಕೊಟ್ಬುಟ್ಯಲ್ಲ ಅವ್ವ.”

“ಕಂಡೋರ್ ಕೂಸ್ಗೆ ಬೀದೀಲಿ ನಿಂತು ನಿಜ ಏಳಿವ್ನಿ ಕಣ್ಲಾ. ನಮ್ ಕೂಸ್ಗೆ ಸುಳ್ ಏಳ್ಲಾ?” ಎಂದು ದೇವಿರಮ್ಮ ಎದ್ದು ಹಿತ್ತಲಿಗೆ ಹೋದರು. ಅಲ್ಲಿ ಒಣಗಿದ್ದ ಬಟ್ಟೆಗಳನ್ನು ಒಂದೊಂದಾಗಿ ತೆಗೆದು ಮಡಿಚಿದರು. ಅರ್ಪಿತಳಿಗೆಂದು ಬಿಸಿನೀರಿನಲ್ಲಿ ಅದ್ದಿ ಒಣಗಿಸಿಟ್ಟಿದ್ದ ಹಳೆಯ ಹತ್ತಿ ಸೀರೆಗಳೂ ಅದರಲ್ಲಿದ್ದವು.

ದಿನಗಳು ನಡೆದವು. ಎರಡನೇ ಸಲ ಹಚ್ಚಿದ ಹದಿನೆಂಟನೇ ದಿನ ಎಡ ಮಣಿಕಟ್ಟಿನಲ್ಲಿ ಗೀಟಿನ ಹೊರಗೆ ಒಂದು ಗುಳ್ಳೆ ಎದ್ದಿತು. ದೇವಿರಮ್ಮ ಅದನ್ನು ಯಾರಿಗೂ ತೋರಿಸದೆ ಬಿಸಿಲಿಗೆ ಹಿಡಿದು ಹಿಡಿದು ನೋಡಿದರು. ಮೂರು ದಿನಕ್ಕೆ ಅದು ಮಾಯವಾಯಿತು, ಸೊಳ್ಳೆ ಕಡಿದದ್ದು. ಇಪ್ಪತ್ತನಾಲ್ಕನೇ ದಿನ ಬೆಳಿಗ್ಗೆ ಎದ್ದು ಮುಖ ತೊಳೆದು ದೀಪ ಹಚ್ಚಿ, ಹಾಲು ಕರೆದು, ಡೈರಿಗೆ ಹೋಗಿ ಬಂದು ಕೂತ ಮೇಲೆ, ನೆನ್ನೆ ಸಂಜೆಯಿಂದ ಒಂದು ಸಲವೂ ಕೆರೆದುಕೊಂಡಿಲ್ಲ ಎಂಬುದು ನೆನಪಾಯಿತು. ಯಾರಿಗೂ ಹೇಳಲಿಲ್ಲ. ಹೇಳಿದರೆ ಮತ್ತೆ ಶುರುವಾದೀತೆಂದು ಭಯ. ಇಪ್ಪತ್ತೆಂಟನೇ ದಿನ ಡಾಕ್ಟರು ಭೂತಗನ್ನಡಿ ಹಿಡಿದು ಎರಡೂ ಕೈ ನೋಡಿ, “ಆಯ್ತು ಅಜ್ಜಿ, ಇನ್ನು ಬರಬೇಡಿ” ಎಂದರು.

ಅಷ್ಟರಲ್ಲಿ ಅರ್ಪಿತಳಿಗೆ ಮಂಡ್ಯದಲ್ಲಿ ಹೆರಿಗೆಯಾಗಿತ್ತು. ಹೆಣ್ಣು. ಚಲುವರಾಜು, ನಾಗಮಣಿ ಹೋಗಿ ನೋಡಿ ಬಂದರು. ದೇವಿರಮ್ಮ ಹೋಗಲಿಲ್ಲ. ಡಾಕ್ಟರು ಆಯಿತು ಎಂದ ಸುದ್ದಿಯನ್ನು ತಾವಾಗಿ ದುದ್ದಕ್ಕೆ ತಿಳಿಸಲೂ ಇಲ್ಲ. ಕರೆಯದ ಮನೆಗೆ ಇದನ್ನು ಹೇಳಿಕೊಂಡು ಹೋದರೆ ಕೂಸನ್ನು ಕೊಡಿ ಎಂದು ಪೀಡಿಸಿದಂತಾಗುತ್ತದೆ ಎಂದರು.

ಕೂಸು ಹುಟ್ಟಿದ ಹನ್ನೆರಡನೇ ದಿನಕ್ಕೆ ಶಶಿರೇಖಾ ಅವರದೇ ಫೋನು. “ಅಕ್ಕ, ಕೈ ಎಂಗದೆ?”

“ನಿಂತದೆ ಕಣಮ್ಮ. ನಿಂತು ಹದಿನೈದ್ ದಿನ ಆಯ್ತು. ಡಾಕ್ಟ್ರಮ್ಮನೂ ನೋಡುದ್ರು.”

“ಏಳ್ಲೇ ಇಲ್ವಲ್ಲ ನೀವು.”

“ಎಂಗ್ ಏಳ್ಲಿ.”

“ನಾಳೆ ಕಾರ್ ಕಳಿಸ್ತೀನಿ. ಇಲ್ಲೊಬ್ರು ಬತ್ತಾವ್ರೆ ನೀರಾಕಾಕೆ. ಕೂಸು ಉಸ್ರು ಕಟ್ಕಂಡ್ ಅಳ್ತದೆ, ನೋಡಾಕಾಗಾಕಿಲ್ಲ. ಆವಮ್ಮನ್ನೂ ನಿಮ್ಮನ್ನ ಕೇಳ್ದಂಗೇ ಕೈ ಬಗ್ಗೆ ಕೇಳ್ದೆ, ಏನೂ ಇಲ್ಲ ಏನೂ ಇಲ್ಲ ಅಂತ ಕೈ ಹಿಂದಕ್ ಇಟ್ಕತಾಳೆ. ನಂಗೆ ನಂಬ್ಕೆ ಬರ್ನಿಲ್ಲ.”

ದೇವಿರಮ್ಮ ಮನೆಯಲ್ಲೇ ಉಗುರು ಕತ್ತರಿಸಿಕೊಂಡು, ಬಳೆ ತೆಗೆದಿಟ್ಟು ಬಂದಿದ್ದರು. ದುದ್ದದ ಮನೆಯ ಹೊಸ್ತಿಲಲ್ಲಿ ಯಾರಾದರೂ ಕೇಳುವ ಮುಂಚೆಯೇ ಕೈಗಳನ್ನು ಮುಂದೆ ಚಾಚಿದರು. ಶಶಿರೇಖಾ ನಾಚಿಕೊಳ್ಳಲಿಲ್ಲ. ಕೈ ಹಿಡಿದು ಬಿಸಿಲು ಬೀಳುವ ಕಡೆ ತಿರುಗಿಸಿ ಬೆರಳು ಬೆರಳನ್ನೂ ಅಗಲಿಸಿ ನೋಡಿದರು, ಮಣಿಕಟ್ಟು ನೋಡಿದರು, ಮತ್ತೆ ಬೆರಳ ಸಂದು ನೋಡಿದರು. ಒಳಬಾಗಿಲಲ್ಲಿ ಕೂಸನ್ನು ಎತ್ತಿಕೊಂಡಿದ್ದ ಅರ್ಪಿತ ಅದನ್ನೇ ನೋಡುತ್ತ ನಿಂತಿದ್ದಳು. ದೇವಿರಮ್ಮನ ಕೈಯಲ್ಲಿ ಅಲ್ಲಲ್ಲಿ ಕಂದು ಕಲೆಗಳು ಮಾತ್ರ ಉಳಿದಿದ್ದವು.

“ಕಲೆ ಓಗಾಕೆ ಎಷ್ಟ್ ದಿನ ಅಂತಾರೆ?”

“ಇನ್ನೊಂದೆರಡ್ ತಿಂಗ್ಳು ಇದ್ದದಂತೆ. ಅದು ಅಂಟಾಕಿಲ್ಲ.”

“ಇರ್ಲಿ ಬುಡಿ. ನೀರ್ ಕಾದದೆ, ಮಣೆ ಆಕಿವ್ನಿ” ಎಂದು ಶಶಿರೇಖಾ ಕೈ ಬಿಟ್ಟರು.

ದೇವಿರಮ್ಮ ಬಚ್ಚಲಿಗೆ ಹೋಗಿ ಮಣೆಯ ಮೇಲೆ ಕೂತು ಕಾಲು ಚಾಚಿದರು. ಅರ್ಪಿತ ಬಗ್ಗಿ ಕೂಸನ್ನು ಕಣಕಾಲಿನ ಮೇಲೆ ಇಟ್ಟಳು. ಅಂಗೈಯಲ್ಲಿ ಎಣ್ಣೆ ಹಾಕಿಕೊಂಡ ದೇವಿರಮ್ಮ ಕೂಡಲೇ ಮುಟ್ಟಲಿಲ್ಲ. ಕೈಗಳನ್ನು ಮೇಲಕ್ಕೆ ಹಿಡಿದು ಸುಮ್ಮನೆ ಇದ್ದರು, ಎಲ್ಲಾದರೂ ಕಡಿಯುತ್ತದೆಯೋ ಎಂದು. ಎಲ್ಲೂ ಕಡಿಯಲಿಲ್ಲ.

ಕೂಸು ಕಾಲು ಒದ್ದು ಅಳಲು ಶುರು ಮಾಡಿತು. “ಬಂದೆ ಕಣವ್ವ, ಬಂದೆ” ಎಂದು ಅದರ ನೆತ್ತಿಗೆ ಅಂಗೈ ಇಟ್ಟರು.